ಬೂಟು ಕೊಡಿಸಿದ್ದು ಯಾರು?

ನಮಸ್ಕಾರ.

ಮಿಶಿಗನ್‌ನಿಂದ ನೀವು ಕಳಿಸಿದ ಲೇಖನ ಓದಿದೆ. ಡೆಟ್ರಾಯ್ಟ್ ಸಿಟಿ ಎಫ್‌ಸಿ ಎಂಬ ಫುಟ್‌ಬಾಲ್ ಕ್ಲಬ್ಬು 2012ರಲ್ಲಿ ಒಂದು ಹೈಸ್ಕೂಲು ಮೈದಾನದಲ್ಲಿ ಶುರುವಾಗಿ, ಹತ್ತು ವರ್ಷದಲ್ಲಿ ಅಮೆರಿಕದ ಎರಡನೇ ದರ್ಜೆಯ ಲೀಗಾದ ಯುಎಸ್‌ಎಲ್ ಚಾಂಪಿಯನ್‌ಶಿಪ್‌ಗೆ ಬಂದು ನಿಂತ ಕತೆ. ನಮ್ಮ ಓದುಗರಿಗೆ ಇದು ಹೊಸದು. ಭಾಷೆ ಚೆನ್ನಾಗಿದೆ. ಕಾಗುಣಿತದ ತಪ್ಪು ಹುಡುಕಿದರೂ ಸಿಗಲಿಲ್ಲ, ಈ ಕಾಲದಲ್ಲಿ ಅದು ಸಣ್ಣ ವಿಷಯವಲ್ಲ. ನಾರ್ದರ್ನ್ ಗಾರ್ಡ್ ಎಂಬ ಅಭಿಮಾನಿ ಬಳಗದವರು ಹೊಗೆ ಬಿಟ್ಟು, ಡ್ರಮ್ ಬಾರಿಸಿ, ಬಾಯಿಗೆ ಬಂದ ಹಾಗೆ ಬೈಯುತ್ತ ಹಾಡುವ ಪ್ಯಾರಾ ಕಿವಿಗೆ ಕೇಳಿಸುವ ಹಾಗಿದೆ.

ಹೊಗಳಿದ್ದಾಯಿತು. ಇನ್ನು ಜಗಳಕ್ಕೆ ಬರೋಣ. ನಿಮ್ಮ ಲೇಖನ ಓದಿ ಮುಗಿಸಿದಾಗ ನನಗೆ ನಿಜಕ್ಕೂ ಸಿಟ್ಟು ಬಂದಿತ್ತು. ಕೆಟ್ಟ ಲೇಖನಕ್ಕೆ ನನಗೆ ಸಿಟ್ಟು ಬರುವುದಿಲ್ಲ, 'ಧನ್ಯವಾದ, ಬಳಸಲಾಗುತ್ತಿಲ್ಲ' ಅಂತ ಒಂದು ಸಾಲು ಬರೆದು ಮುಗಿಸುತ್ತೇನೆ.

ನಿಮ್ಮ ಮೊದಲ ಸಾಲು: 'ಸತ್ತ ನಗರವೊಂದರ ಬೂದಿಯಿಂದ ಫೀನಿಕ್ಸ್ ಪಕ್ಷಿಯಂತೆ ಎದ್ದು ಬಂತು ಈ ಕ್ಲಬ್ಬು.'

ಡೆಟ್ರಾಯ್ಟ್ ಯಾವಾಗ ಸತ್ತಿತು? 1950ರಲ್ಲಿ ಅಲ್ಲಿ 18 ಲಕ್ಷಕ್ಕೂ ಜಾಸ್ತಿ ಜನ ಇದ್ದರು, ಒಪ್ಪುತ್ತೇನೆ. 2010ರ ಜನಗಣತಿಯ ಹೊತ್ತಿಗೆ ಅದು 7,13,777ಕ್ಕೆ ಇಳಿದಿತ್ತು. ಏಳು ಲಕ್ಷ ಜನ ಎದ್ದು, ಹಲ್ಲುಜ್ಜಿ, ಕೆಲಸಕ್ಕೆ ಹೋಗುತ್ತಿದ್ದ ಊರನ್ನು ಸತ್ತಿದೆ ಅನ್ನಲು ನಿಮಗೆ ಕೈ ಹೇಗೆ ಬಂತು? ನೀವು ಅಲ್ಲೇ ಪಕ್ಕದಲ್ಲಿ, ಉಪನಗರದಲ್ಲಿ ಇರುವವರು. ಇನ್ನೊಂದು ವಿಷಯ. ನಗರಸಭೆ ದಿವಾಳಿ ಅರ್ಜಿ ಹಾಕಿದ್ದು 2013ರ ಜುಲೈಯಲ್ಲಿ. ಕ್ಲಬ್ಬು ಮೊದಲ ಪಂದ್ಯ ಆಡಿದ್ದು 2012ರಲ್ಲಿ. ಅಂದರೆ ನಿಮ್ಮ ಪಕ್ಷಿ ಬೆಂಕಿ ಬೀಳುವ ಮೊದಲೇ ಬೂದಿಯಿಂದ ಎದ್ದಿದೆ! ದಿವಾಳಿಯ ಸುದ್ದಿ ಊರ ತುಂಬ ಹಬ್ಬಿದ್ದಾಗ ಟಿಕೆಟ್ ಮಾರುತ್ತ ಕೂತವರು ಯಾರೋ ಇದ್ದರಲ್ಲ, ಅವರ ಬಗ್ಗೆ ಬರೆಯಬಹುದಿತ್ತು. ಅದು ಪಕ್ಷಿಗಿಂತ ಒಳ್ಳೆಯ ಕತೆ.

'ಬೂದಿಯಿಂದ ಮತ್ತೆ ಏಳುತ್ತದೆ' ಅನ್ನುವುದು ಆ ನಗರದ ಮುದ್ರೆಯಲ್ಲೇ ಲ್ಯಾಟಿನ್‌ನಲ್ಲಿ ಇದೆ. 1805ರಲ್ಲಿ ಊರೆಲ್ಲ ಸುಟ್ಟುಹೋದಾಗಿನ ಮಾತು ಅದು. ಸುಮಾರು ಇನ್ನೂರು ವರ್ಷದಿಂದ ಸರ್ಕಾರಿ ಕಾಗದದ ಮೇಲೆ ಅಚ್ಚಾಗುತ್ತಿರುವ ಸಾಲನ್ನು ನೀವು ನನಗೆ ಹೊಸದಾಗಿ ಕೊಡುತ್ತಿದ್ದೀರಿ. ಸಾಲದ್ದಕ್ಕೆ, ಅದೇ ಲೀಗಿನಲ್ಲಿ ಫೀನಿಕ್ಸ್ ರೈಸಿಂಗ್ ಅಂತ ಅರಿಝೋನಾದ ಕ್ಲಬ್ಬೊಂದಿದೆ. ಪಕ್ಷಿ ಅವರಿಗೇ ಇರಲಿ ಬಿಡಿ.

ಮುಂದಿನ ಸಾಲು: 'ಹೀಗೆ ಕ್ಲಬ್ಬು ಹುಟ್ಟಿತು.'

ಹೇಗೆ? ಇಲ್ಲಿಂದ ನನ್ನ ನಿಜವಾದ ತಕರಾರು ಶುರು. ನಿಮ್ಮ ಲೇಖನದಲ್ಲಿ ಎಲ್ಲವೂ ತನ್ನಷ್ಟಕ್ಕೆ ತಾನೇ ಆಗುತ್ತದೆ. ಕ್ಲಬ್ಬು ಹುಟ್ಟುತ್ತದೆ, ಬೆಳೆಯುತ್ತದೆ, ಕ್ರೀಡಾಂಗಣಕ್ಕೆ ಜೀವ ಬರುತ್ತದೆ, ಕ್ಲಬ್ಬು ಏರುತ್ತದೆ. ಮನುಷ್ಯರೇ ಇಲ್ಲ. 2010ರಲ್ಲಿ ಶಾನ್ ಮಾನ್ ಎಂಬಾತ ಡೆಟ್ರಾಯ್ಟಿನ ಬಡಾವಣೆ ಬಡಾವಣೆಗಳ ನಡುವೆ ಒಂದು ಲೀಗ್ ಶುರು ಮಾಡಿದರು. ಗಂಡಸರು ಹೆಂಗಸರು ಒಂದೇ ಟೀಮಿನಲ್ಲಿ ಆಡುವ, ಸುಮ್ನೆ ಖುಷಿಗೆ ಆಡುವ ಲೀಗು. ಅಕ್ಕಪಕ್ಕದ ಬೀದಿಯವರಿಗೆ ಒಬ್ಬರಿಗೊಬ್ಬರ ಪರಿಚಯವಾಗಲಿ ಅನ್ನುವುದು ಉದ್ದೇಶ. ಅಲ್ಲಿಂದ ಐವರು ಗೆಳೆಯರು ಸೇರಿ ಕ್ಲಬ್ಬು ಕಟ್ಟಿದರು. ಎನ್‌ಪಿಎಸ್‌ಎಲ್ ಎಂಬ ಹವ್ಯಾಸಿ ಲೀಗಿಗೆ ಸೇರಿದರು, ಕ್ಯಾಸ್ ಟೆಕ್ ಹೈಸ್ಕೂಲಿನ ಮೈದಾನ ಹಿಡಿದರು. ಇವಿಷ್ಟೂ ನಿಮಗೆ ಗೊತ್ತು, ಯಾಕೆಂದರೆ ನಾಲ್ಕನೇ ಪುಟದಲ್ಲಿ ಶಾನ್ ಮಾನ್ ಹೆಸರು ಒಂದು ಸಲ ಬಂದು ಹೋಗುತ್ತದೆ, ಮದುವೆ ಮನೆಯ ಫೋಟೋದಲ್ಲಿ ಅರ್ಧ ಮುಖ ಕಾಣಿಸುವ ನೆಂಟನ ಹಾಗೆ.

'2016ರಲ್ಲಿ ಹಳೆಯ ಕೀವರ್ತ್ ಕ್ರೀಡಾಂಗಣ ಮತ್ತೆ ಜೀವ ಪಡೆಯಿತು.'

ಯಾರ ದುಡ್ಡಿನಿಂದ ಸ್ವಾಮಿ? ಕೀವರ್ತ್ ಇರುವುದು ಡೆಟ್ರಾಯ್ಟಿನಲ್ಲಿ ಅಲ್ಲ, ಡೆಟ್ರಾಯ್ಟಿನ ಹೊಟ್ಟೆಯೊಳಗೆ ಇರುವ ಹ್ಯಾಮ್ಟ್ರಾಮಿಕ್ ಎಂಬ ಪುಟ್ಟ ಊರಿನಲ್ಲಿ. ಒಂದು ಕಾಲಕ್ಕೆ ಪೋಲೆಂಡಿನವರ ಊರು, ಈಗ ಯೆಮನ್ ಮತ್ತು ಬಾಂಗ್ಲಾದೇಶದಿಂದ ಬಂದವರ ಊರೂ ಹೌದು. ಕ್ರೀಡಾಂಗಣ ಅಲ್ಲಿನ ಸರ್ಕಾರಿ ಶಾಲೆಗಳ ಆಸ್ತಿ. 1936ರಲ್ಲಿ, ಆರ್ಥಿಕ ಕುಸಿತದ ಕಾಲದ ಸರ್ಕಾರಿ ಉದ್ಯೋಗ ಯೋಜನೆಯಲ್ಲಿ ಕಟ್ಟಿದ್ದು. ಅಧ್ಯಕ್ಷ ರೂಸ್‌ವೆಲ್ಟ್ ಉದ್ಘಾಟನೆಗೆ ಬಂದಿದ್ದರು. ಎಂಬತ್ತು ವರ್ಷ ಹಳೆಯ ಮೆಟ್ಟಿಲುಗಳನ್ನು ರಿಪೇರಿ ಮಾಡಿಸಲು ಕ್ಲಬ್ಬಿನವರು ಜನರ ಹತ್ತಿರ ಸಾಲ ಕೇಳಿದರು. ದಾನ ಅಲ್ಲ, ಸಾಲ. ಕ್ಲಬ್ಬಿನ ಆದಾಯದಲ್ಲಿ ಪಾಲು ಕೊಟ್ಟು ತೀರಿಸುವ ಸಾಲ. 527 ಜನ ಸೇರಿ 7,41,250 ಡಾಲರ್ ಕೊಟ್ಟರು. ಆ ವರ್ಷದ ಮೊದಲ ಪಂದ್ಯಕ್ಕೆ ಏಳು ಸಾವಿರಕ್ಕೂ ಜಾಸ್ತಿ ಜನ ಬಂದರು. ಹವ್ಯಾಸಿ ಲೀಗಿನ ಪಂದ್ಯಕ್ಕೆ!

ಇದನ್ನೆಲ್ಲ ನೀವು 'ಜೀವ ಪಡೆಯಿತು' ಎಂಬ ಎರಡು ಪದದಲ್ಲಿ ಮುಗಿಸಿದ್ದೀರಿ. ಆ 527 ಜನರಲ್ಲಿ ಒಬ್ಬರನ್ನಾದರೂ ಮಾತಾಡಿಸಿದ್ದೀರಾ?

ಇನ್ನು ಈ ಸಾಲು. ಇದಕ್ಕೆ ಕೆಂಪು ಪೆನ್ನಿನಲ್ಲಿ ಎರಡು ಗೆರೆ ಎಳೆದಿದ್ದೇನೆ: 'ಗೆಲುವಿನ ಮೇಲೆ ಗೆಲುವು ಸಾಧಿಸುತ್ತ, ಒಂದೊಂದೇ ದರ್ಜೆ ಬಡ್ತಿ ಪಡೆದು, 2022ರಲ್ಲಿ ಯುಎಸ್‌ಎಲ್ ಚಾಂಪಿಯನ್‌ಶಿಪ್‌ಗೆ ಏರಿತು.'

ಇದು ಸುಳ್ಳು. ನೀವು ಬೇಕಂತ ಹೇಳಿದ್ದಲ್ಲ, ಗೊತ್ತು. ಆದರೂ ಸುಳ್ಳೇ. ಗೆದ್ದವರು ಮೇಲಿನ ಲೀಗಿಗೆ, ಸೋತವರು ಕೆಳಗಿನ ಲೀಗಿಗೆ ಅನ್ನುವ ಪದ್ಧತಿ ಇಂಗ್ಲೆಂಡಿನಲ್ಲಿದೆ. ನಮ್ಮ ಬೆಂಗಳೂರಿನ ಜಿಲ್ಲಾ ಲೀಗಿನಲ್ಲೂ ಸಿ ಡಿವಿಷನ್ ಗೆದ್ದವರು ಬಿ ಡಿವಿಷನ್‌ಗೆ ಹೋಗುತ್ತಾರೆ. ಹಾಗಾಗಿ ಇಲ್ಲಿನ ಓದುಗ ನಿಮ್ಮ ಸಾಲನ್ನು ಕಣ್ಣುಮುಚ್ಚಿ ನಂಬುತ್ತಾನೆ. ಅಮೆರಿಕದ ವೃತ್ತಿಪರ ಲೀಗುಗಳಲ್ಲಿ ಆ ಏಣಿಯೇ ಇರಲಿಲ್ಲ. ಡೆಟ್ರಾಯ್ಟ್ ಸಿಟಿ 2020ರಲ್ಲಿ ಎನ್‌ಐಎಸ್‌ಎ ಎಂಬ ಮೂರನೇ ದರ್ಜೆಯ ಲೀಗಿಗೆ ಹೋಯಿತು, ಅಲ್ಲಿ ಚಾಂಪಿಯನ್ ಆಯಿತು, ನಿಜ. ಆದರೆ ಚಾಂಪಿಯನ್ ಆಗದೆ ಕೊನೇ ಸ್ಥಾನ ಪಡೆದಿದ್ದರೂ 2022ರಲ್ಲಿ ಎರಡನೇ ದರ್ಜೆಗೆ ಹೋಗಬಹುದಿತ್ತು. ಗೆದ್ದ ಪಂದ್ಯಗಳು ಅಲ್ಲಿ ಲೆಕ್ಕಕ್ಕಿಲ್ಲ. ಲೀಗು ಒಪ್ಪಬೇಕು, ದುಡ್ಡು ಕಟ್ಟಬೇಕು, ಫೆಡರೇಶನ್ನಿನ ಷರತ್ತು ಪೂರೈಸಬೇಕು. ಎರಡನೇ ದರ್ಜೆಯ ಷರತ್ತು ಏನು ಗೊತ್ತಾ? ಕ್ರೀಡಾಂಗಣದಲ್ಲಿ ಕನಿಷ್ಠ 5,000 ಆಸನ ಇರಬೇಕು. ಮುಖ್ಯ ಮಾಲೀಕನ ಆಸ್ತಿ ಕನಿಷ್ಠ 2 ಕೋಟಿ ಡಾಲರ್ ಇರಬೇಕು.

ಈಗ ಹೇಳಿ. ಬಡಾವಣೆಯಲ್ಲಿ ಚೆಂಡು ಒದೆಯುತ್ತಿದ್ದ ಐವರು ಗೆಳೆಯರ ಕ್ಲಬ್ಬಿಗೆ ಅಂಥ ಸಾಹುಕಾರ ಯಾವಾಗ ಬಂದ, ಯಾರು ಕರೆತಂದರು, ಬರುವಾಗ ಏನು ಕೇಳಿದ? ಹೊಗೆ ಬಿಟ್ಟು ಹಾಡುತ್ತಿದ್ದವರು ಅದಕ್ಕೆ ಏನಂದರು? ನಾನು ಕೇಳಬೇಕೆಂದಿದ್ದ ಒಂದೇ ಕತೆ ಅದು. ನಿಮ್ಮ 'ಬಡ್ತಿ' ಅದನ್ನು ಪೂರ್ತಿ ಮುಚ್ಚಿಹಾಕಿದೆ.

ಮೇಲಿನ ದರ್ಜೆಯ ಕತೆ ಇನ್ನೂ ಖಾರ. 2016ರಲ್ಲಿ, ಅಂದರೆ 527 ಜನ ಕೀವರ್ತ್ ರಿಪೇರಿಗೆ ಚಿಲ್ಲರೆ ಕೂಡಿಸಿದ ಅದೇ ವರ್ಷ, ಟಾಮ್ ಗೋರ್ಸ್ ಮತ್ತು ಡ್ಯಾನ್ ಗಿಲ್ಬರ್ಟ್ ಎಂಬ ಇಬ್ಬರು ಶತಕೋಟ್ಯಧೀಶರು ಡೆಟ್ರಾಯ್ಟಿಗೆ ಎಂಎಲ್‌ಎಸ್ ಎಂಬ ಮೊದಲ ದರ್ಜೆಯ ಲೀಗಿನ ಟೀಮು ತರುತ್ತೇವೆ ಅಂತ ಹೊರಟರು. ಇಬ್ಬರೂ ಬ್ಯಾಸ್ಕೆಟ್‌ಬಾಲ್ ತಂಡಗಳ ಮಾಲೀಕರು. 2017ರ ಕೊನೆಗೆ ಉಳಿದ ನಾಲ್ಕು ನಗರಗಳಲ್ಲಿ ಡೆಟ್ರಾಯ್ಟೂ ಇತ್ತು. ಕೊನೆಗೆ ಜಾಗ ಸಿಕ್ಕಿದ್ದು ನ್ಯಾಶ್‌ವಿಲ್‌ಗೆ, ಆಮೇಲೆ ಸಿನ್ಸಿನಾಟಿಗೆ. ಸಿನ್ಸಿನಾಟಿ ಕಟ್ಟಿದ ಪ್ರವೇಶ ಶುಲ್ಕ 15 ಕೋಟಿ ಡಾಲರ್. 2023ರಲ್ಲಿ ಸ್ಯಾನ್ ಡಿಯಾಗೋದವರು 50 ಕೋಟಿ ಕಟ್ಟಿದರು. ಒಂದೇ ಊರು, ಒಂದೇ ವರ್ಷ, ಎರಡು ಬಗೆಯ ದುಡ್ಡು. ಇದು ನಿಮ್ಮ ಲೇಖನದಲ್ಲಿ ಎಲ್ಲೂ ಇಲ್ಲ. 2025ರ ಮಾರ್ಚ್‌ನಲ್ಲಿ ಯುಎಸ್‌ಎಲ್ ಕ್ಲಬ್ಬುಗಳ ಮಾಲೀಕರು ತಮ್ಮ ಲೀಗುಗಳ ನಡುವೆ ಏಣಿ ಹಾಕೋಣ, ಗೆದ್ದವರು ಏರಲಿ, ಸೋತವರು ಇಳಿಯಲಿ ಅಂತ ಮತ ಹಾಕಿದ್ದಾರೆ. ಮೊದಲಿಂದ ಏಣಿ ಇದ್ದಿದ್ದರೆ ಆ ಮತದಾನ ಯಾಕೆ ಬೇಕಿತ್ತು, ಅಲ್ವಾ?

ನನಗೆ ಈ ವಿಷಯದಲ್ಲಿ ಯಾಕಿಷ್ಟು ಹಟ ಅಂತ ಕೇಳಬಹುದು. ಎಂಬತ್ತರ ದಶಕದಲ್ಲಿ ನಾನು ಬೆಂಗಳೂರಿನ ಒಂದು ಪತ್ರಿಕೆಯ ಕ್ರೀಡಾ ವಿಭಾಗಕ್ಕೆ ಸೇರಿದೆ. ಕ್ರಿಕೆಟ್ಟು ಹಿರಿಯರ ಸೊತ್ತು. ಹೊಸಬನಿಗೆ ಅಶೋಕನಗರದ ಫುಟ್‌ಬಾಲ್ ಸ್ಟೇಡಿಯಮ್ಮು. ಐಟಿಐ, ಎಚ್‌ಎಎಲ್ ತಂಡಗಳ ಪಂದ್ಯವಾದರೆ ಜನ ಬರುತ್ತಿದ್ದರು. ಕೆಳಗಿನ ಡಿವಿಷನ್ನಿನ ಪಂದ್ಯಕ್ಕೆ ಆಸ್ಟಿನ್ ಟೌನಿನ, ಗೌತಮಪುರದ ನಾಲ್ಕು ಹುಡುಗರು, ಕೆಲವು ನಿವೃತ್ತರು, ಕಡಲೆಕಾಯಿ ಮಾರುವವನು ಮತ್ತು ನಾನು. ಸಂಜೆ ಆಫೀಸಿಗೆ ಬಂದು ಆರು ಸಾಲು ಬರೆದು ಕೊಟ್ಟರೆ ನಮ್ಮ ವಿಭಾಗದ ಮುಖ್ಯಸ್ಥರು ಸ್ಕೋರನ್ನು ನೋಡುತ್ತಲೇ ಇರಲಿಲ್ಲ. ಕನ್ನಡಕ ಹಣೆಗೆ ಏರಿಸಿ, 'ಈ ಟೀಮಿಗೆ ಬೂಟು ಕೊಡಿಸಿದ್ದು ಯಾರು?' ಅಂತ ಕೇಳುತ್ತಿದ್ದರು. ಪ್ರತಿ ಸಲ ಅದೇ ಪ್ರಶ್ನೆ. ಆರು ಸಾಲಿನಲ್ಲಿ ಅದು ಬರುವುದಿಲ್ಲ ಸಾರ್ ಅಂದರೆ, 'ಬರುವುದು ಬೇಡ, ನಿನಗೆ ಗೊತ್ತಿರಬೇಕು' ಅನ್ನುತ್ತಿದ್ದರು. ಒಳ್ಳೆಯ ಮಾತು ಒಂದೂ ಆಡದ ಮನುಷ್ಯ. ಕಾಫಿ ಕೊಡಿಸಿದ್ದು ನೆನಪಿಲ್ಲ. ರಜೆ ಕೇಳಿದರೆ ನಮ್ಮ ಮನೆದೇವರ ಹೆಸರನ್ನೂ ಪರಿಶೀಲಿಸುತ್ತಿದ್ದರು.

ಹಾಗಾಗಿ ಪಂದ್ಯ ಮುಗಿದ ಮೇಲೆ ನಾನು ಕ್ಲಬ್ಬಿನ ಕಾರ್ಯದರ್ಶಿಗಳ ಹಿಂದೆ ಬೀಳುತ್ತಿದ್ದೆ. ಒಬ್ಬರು ಕಾರ್ಖಾನೆಯಲ್ಲಿ ಗುಮಾಸ್ತರು. ಹನ್ನೊಂದು ಜರ್ಸಿಯನ್ನೂ ಅವರ ಹೆಂಡತಿಯೇ ಮನೆಯಲ್ಲಿ ಒಗೆಯುತ್ತಿದ್ದರು. ಇನ್ನೊಬ್ಬರು ಸೈಕಲ್ ಅಂಗಡಿಯವರು. ಸೆಂಟರ್ ಫಾರ್ವರ್ಡ್‌ಗೆ ಮಾತ್ರ ಹೊಸ ಬೂಟು ಕೊಡಿಸಿದ್ದಕ್ಕೆ ಉಳಿದ ಹತ್ತು ಜನ ಅವರ ಮೇಲೆ ಮುನಿಸಿಕೊಂಡಿದ್ದರು. ಆ ದಿನ ಟೀಮು ಯಾಕೆ ಸೋತಿತು ಅನ್ನುವುದು ಆ ಬೂಟಿನಲ್ಲೇ ಇತ್ತು. ಮೈದಾನದಲ್ಲಿ ತೊಂಬತ್ತು ನಿಮಿಷ ಕೂತಿದ್ದರೂ ಅದು ಕಾಣುತ್ತಿರಲಿಲ್ಲ. ಅಂದಿನಿಂದ 'ತಂಡ ಬೆಳೆಯಿತು', 'ಸಂಸ್ಥೆ ಏರಿತು' ಅಂತ ಯಾರಾದರೂ ಬರೆದರೆ ನನಗೆ ಮೈ ಉರಿಯುತ್ತದೆ.

ಈಗ ನಿಮ್ಮ ಲೇಖನದ ಏಳನೇ ಪುಟಕ್ಕೆ ಬರುತ್ತೇನೆ. ಅಲ್ಲಿ ಕ್ಲಬ್ಬು 2020ರಲ್ಲಿ ಶೇಕಡಾ 10ರಷ್ಟು ಪಾಲನ್ನು ಅಭಿಮಾನಿಗಳಿಗೆ ಮಾರಿತು ಅಂತ ಬರೆದಿದ್ದೀರಿ. ಷೇರಿಗೆ 125 ಡಾಲರ್, ಎರಡು ಸಾವಿರಕ್ಕೂ ಜಾಸ್ತಿ ಜನ ಕೊಂಡರು. ಸರಿ. ಅದರ ಪಕ್ಕದಲ್ಲಿ ಕಂಸದೊಳಗೆ, ಕದ್ದು ತಿಂದವರ ಹಾಗೆ ಒಂದು ಸಾಲು: '(ನಾನೂ ಒಂದು ತೆಗೆದುಕೊಂಡೆ.)'

ಸ್ವಾಮಿ, ನೀವು ಆ ಕ್ಲಬ್ಬಿನ ಮಾಲೀಕರು! ಎಷ್ಟೇ ಸಣ್ಣ ಪಾಲಿರಲಿ, ಮಾಲೀಕರೇ. ಏಳು ಪುಟ ಓದಿದ ಮೇಲೆ ಅದು ನನಗೆ ಕಂಸದಲ್ಲಿ ಗೊತ್ತಾಗಬೇಕೇ? ಬೂಟು ಕೊಡಿಸಿದವರು ಯಾರು ಅಂತ ನಾನು ಹುಡುಕುತ್ತಿದ್ದರೆ ಅವರಲ್ಲಿ ಒಬ್ಬರು ಲೇಖಕರೇ! 2020 ಅಂದರೆ ಕೊರೊನಾ ವರ್ಷ. ಕೆಲಸ ಇರುತ್ತದೋ ಇಲ್ಲವೋ ಅಂತ ಎಲ್ಲರೂ ಹೆದರಿ ಕೂತಿದ್ದ ಹೊತ್ತಿನಲ್ಲಿ, ಮತ್ತೆ ಯಾವಾಗ ಗೇಟು ತೆರೆಯುತ್ತದೋ ಗೊತ್ತಿಲ್ಲದ ಸ್ಟೇಡಿಯಮ್ಮಿನ ಕ್ಲಬ್ಬಿಗೆ ನೀವು 125 ಡಾಲರ್ ಯಾಕೆ ಕೊಟ್ಟಿರಿ? ಮನೆಯಲ್ಲಿ ಹೇಳಿ ಕೊಟ್ಟಿರಾ, ಹೇಳದೆಯಾ? ಮಾಲೀಕರಾದ ಮೇಲೆ ನಿಮ್ಮ ಮಾತು ಯಾರಾದರೂ ಕೇಳಿದರಾ? 2022ರ ಏಪ್ರಿಲ್‌ನಲ್ಲಿ, ಬೇರೆ ಬೇರೆ ದರ್ಜೆಯ ತಂಡಗಳು ಎದುರಾಗುವ ಓಪನ್ ಕಪ್ ಪಂದ್ಯದಲ್ಲಿ ಇದೇ ಕ್ಲಬ್ಬು ಕೀವರ್ತ್‌ನಲ್ಲಿ ಎಂಎಲ್‌ಎಸ್‌ನ ಕೊಲಂಬಸ್ ಕ್ರೂ ತಂಡವನ್ನು 2–1ರಿಂದ ಸೋಲಿಸಿತಲ್ಲ, ಆ ರಾತ್ರಿ ನೀವು ಅಲ್ಲಿದ್ದಿರಿ ಅಂತ ನಿಮ್ಮ ವಿವರಣೆ ನೋಡಿದರೆ ಗೊತ್ತಾಗುತ್ತದೆ. ಆದರೆ ಟಿವಿಯ ಮುಂದೆ ಕೂತವರ ಹಾಗೆ ಬರೆದಿದ್ದೀರಿ. ಅದು ನಿಮ್ಮ ಟೀಮು!

ಇನ್ನೊಂದು ವಿಷಯ. ಕ್ಲಬ್ಬು ಈಗ ಕೀವರ್ತ್ ಬಿಟ್ಟು ಡೆಟ್ರಾಯ್ಟಿನ ಕಾರ್ಕ್‌ಟೌನ್‌ನಲ್ಲಿ, ಹಾಳುಬಿದ್ದ ಆಸ್ಪತ್ರೆಯೊಂದಿದ್ದ ಜಾಗದಲ್ಲಿ ಹೊಸ ಕ್ರೀಡಾಂಗಣ ಕಟ್ಟುವುದಾಗಿ 2024ರಲ್ಲಿ ಹೇಳಿತು. ನೀವು ಇದನ್ನು 'ಕನಸು ನನಸಾಗಲಿದೆ' ಅಂತ ಮುಗಿಸಿದ್ದೀರಿ. ಯಾರ ಕನಸು? ಹ್ಯಾಮ್ಟ್ರಾಮಿಕ್‌ನಲ್ಲಿ ಪಂದ್ಯದ ದಿನ ಊಟ ಮಾರುತ್ತಿದ್ದ ಅಂಗಡಿಯವರದ್ದೇ? ಶಾಲೆಯವರದ್ದೇ? ಒಂದು ಶನಿವಾರ ಅಲ್ಲಿಗೆ ಹೋಗಿ ಕೇಳಿಕೊಂಡು ಬನ್ನಿ. ಬಾಂಗ್ಲಾ ಹೋಟೆಲಿನಲ್ಲಿ ಊಟವನ್ನೂ ಮಾಡಿ, ಆದರೆ ಬಿರಿಯಾನಿಯ ಪರಿಮಳದ ವರ್ಣನೆ ದಯವಿಟ್ಟು ಬೇಡ.

ಲೇಖನವನ್ನು ವಾಪಸ್ ಕಳಿಸುತ್ತಿದ್ದೇನೆ, ತಿರಸ್ಕರಿಸುತ್ತಿಲ್ಲ. ಹೊಗೆಯ ಪ್ಯಾರಾ ಇರಲಿ, ಅರ್ಧಕ್ಕೆ ಇಳಿಸಿ. ಕೋಚ್‌ಗಳ ಪಟ್ಟಿ ತೆಗೆಯಿರಿ. ಮಧ್ಯದ ಎರಡು ಪುಟ ಪಂದ್ಯಗಳ ಫಲಿತಾಂಶ ಯಾರಿಗೂ ಬೇಡ. ಷೇರು ಕೊಂಡಾಗ ಬಂದ ಪತ್ರವೋ ಇಮೇಲೋ ಇದ್ದರೆ ಅದರ ಚಿತ್ರ ಜೊತೆಗೆ ಕಳಿಸಿ, ನಿಮ್ಮ ವಿಳಾಸ ಮುಚ್ಚಿ ಹಾಕುತ್ತೇವೆ. ಹೊಗೆಯ ಫೋಟೋ ಇನ್ನು ಕಳಿಸಬೇಡಿ, ಈಗಾಗಲೇ ಹದಿನಾಲ್ಕು ಬಂದಿವೆ, ಒಂದರಲ್ಲೂ ಮುಖ ಕಾಣುವುದಿಲ್ಲ.