ಮಳೆಗೆ ನೆಟ್ ಹೋದಾಗ ಸರ್ವರ್‌ನಲ್ಲಿ ಓಡುತ್ತಿದ್ದ ಬಿಲ್ಡ್ (ಕೋಡ್‌ನಿಂದ ಪ್ರೋಗ್ರಾಂ ಕಟ್ಟುವ ಕೆಲಸ) ನಿಲ್ಲದಂತೆ ಮಾಡುವುದು ಹೇಗೆ?

ತೀರ್ಥಹಳ್ಳಿ, ಆಗುಂಬೆ ಕಡೆ ಮನೆಯಿಂದಲೇ ಕೆಲಸ ಮಾಡುವವರಿಗೆ ಮಳೆಗಾಲ ಬಂತೆಂದರೆ ಇದೇ ಪಾಡು. ಕರೆಂಟ್ ಹೋದಕೂಡಲೇ ವೈಫೈ ಹೋಗುತ್ತದೆ, ಸರ್ವರ್‌ಗೆ ದೂರದಿಂದ ಲಾಗಿನ್ ಆಗಿರುವ ಎಸ್‌ಎಸ್‌ಎಚ್ ಸಂಪರ್ಕ ಕಡಿಯುತ್ತದೆ. ಆಗ ಸರ್ವರ್‌ನಲ್ಲಿರುವ ಶೆಲ್‌ಗೆ (ನಿಮ್ಮ ಆದೇಶಗಳನ್ನು ಓಡಿಸುವ ಪ್ರೋಗ್ರಾಂಗೆ) ಸಂಪರ್ಕ ಕಡಿಯಿತೆಂಬ ಹ್ಯಾಂಗಪ್ ಸಿಗ್ನಲ್ ಹೋಗಿ, ಅದರಡಿ ಓಡುತ್ತಿದ್ದ ಕೆಲಸವೂ ಸಾಮಾನ್ಯವಾಗಿ ನಿಂತುಬಿಡುತ್ತದೆ.

ಇದಕ್ಕೆ ಟಿಮಕ್ಸ್ (tmux) ಬಳಸಿ; ಟರ್ಮಿನಲ್ ಕೆಲಸವನ್ನು ಸೆಷನ್ ಆಗಿ ಹಿಡಿದಿಡುವ ಪ್ರೋಗ್ರಾಂ ಅದು. ಆದರೆ ನಿಮ್ಮ ಲ್ಯಾಪ್‌ಟಾಪ್‌ನಲ್ಲಲ್ಲ, ಸರ್ವರ್‌ಗೆ ಲಾಗಿನ್ ಆದ ಮೇಲೆ ಅಲ್ಲಿ ಶುರು ಮಾಡಿ, ಬಿಲ್ಡನ್ನು ಅದರೊಳಗೇ ಓಡಿಸಿ. ಇದು ತುಂಬ ಮುಖ್ಯ. ಟಿಮಕ್ಸ್‌ನ ಸೆಷನ್ ನಿಮ್ಮ ಸಂಪರ್ಕಕ್ಕೆ ಕಟ್ಟುಬಿದ್ದಿಲ್ಲ. ನೆಟ್ ಹೋದರೂ ಬಿಲ್ಡ್ ತನ್ನ ಪಾಡಿಗೆ ಓಡುತ್ತಿರುತ್ತದೆ. ನೆಟ್ ಬಂದಮೇಲೆ ಮತ್ತೆ ಲಾಗಿನ್ ಆಗಿ 'ಟಿಮಕ್ಸ್ ಅಟ್ಯಾಚ್' (tmux attach) ಕೊಟ್ಟರೆ ಅದೇ ಪರದೆ, ಅದೇ ಕಿಟಕಿಗಳು. ನೀವಾಗಿಯೇ ಹೊರಬರಬೇಕಿದ್ದರೆ ಕಂಟ್ರೋಲ್ ಮತ್ತು ಬಿ ಒಟ್ಟಿಗೆ ಒತ್ತಿ, ಬಿಟ್ಟು, ಡಿ ಒತ್ತಿ. ಸರ್ವರ್ ರೀಬೂಟ್ ಆದರೆ ಮಾತ್ರ ಸೆಷನ್ ಉಳಿಯುವುದಿಲ್ಲ.

ಪದೇಪದೇ ಲಾಗಿನ್ ಆಗುವುದು ಬೇಸರವಾದರೆ ಜೊತೆಗೆ ಎಸ್‌ಎಸ್‌ಎಚ್ ಬದಲು ಬಳಸುವ ಮೋಷ್ (mosh) ಹಾಕಿಕೊಳ್ಳಿ. ಅದು ಯುಡಿಪಿ (ನಿರಂತರ ಸಂಪರ್ಕ ಹಿಡಿದಿಡದೆ ಡೇಟಾ ಕಳಿಸುವ ವಿಧಾನ) ಮೇಲೆ ನಡೆಯುತ್ತದೆ. ವೈಫೈಯಿಂದ ಮೊಬೈಲ್ ಹಾಟ್‌ಸ್ಪಾಟ್‌ಗೆ ಬದಲಾದರೂ ಸಂಪರ್ಕ ತಾನೇ ಮುಂದುವರಿಯುತ್ತದೆ. ಸರ್ವರ್‌ನಲ್ಲೂ ಮೋಷ್ ಇರಬೇಕು, ಫೈರ್‌ವಾಲ್‌ನಲ್ಲಿ 60000ರಿಂದ 61000ರವರೆಗಿನ ಯುಡಿಪಿ ಪೋರ್ಟ್‌ಗಳಿಗೆ ದಾರಿ ಬಿಟ್ಟಿರಬೇಕು.