ಇಂಗ್ಲೆಂಡಿಗೆ ಹೊರಡುವ ಮುಂಚೆ ನಗಿಸುವ ಪ್ರವಾಸ ಪುಸ್ತಕ ಓದಿದರೆ ಉಪಯೋಗ ಇದೆಯಾ?

ಬೇಸಿಗೆಯಲ್ಲಿ ಇಂಗ್ಲೆಂಡಿಗೆ ಹೊರಟಿದ್ದೀರಿ, ಗೈಡ್ ಪುಸ್ತಕಗಳನ್ನು ಓದಿ ಬೇಜಾರಾಗಿದೆ, ನಗಿಸುವ ಪ್ರವಾಸ ಪುಸ್ತಕಗಳಿಂದ ಏನಾದರೂ ಸಿಗುತ್ತದಾ ಇಲ್ಲ ಬರೀ ಟೈಂಪಾಸಾ ಅಂತ ಕೇಳಿದ್ದೀರಿ. ಖಂಡಿತ ಸಿಗುತ್ತದೆ. ಆದರೆ ಯಾವ ಪುಸ್ತಕ ಅನ್ನೋದು ಮುಖ್ಯ.

ಇಂಥ ಪುಸ್ತಕಗಳಲ್ಲಿ ಎರಡು ಬಗೆ. ಒಂದರಲ್ಲಿ ಊರು ನೋಡಲು ಹೋದವನೇ ಪೇಚಿಗೆ ಸಿಕ್ಕಿಕೊಳ್ಳುತ್ತಾನೆ. ಇನ್ನೊಂದರಲ್ಲಿ ಅವನು ಅಲ್ಲಿಯವರನ್ನು ಆಡಿಕೊಳ್ಳುತ್ತಾನೆ. ನಾನು ಯಾವಾಗಲೂ ಮೊದಲನೆಯದನ್ನೇ ಓದಿ ಅನ್ನುತ್ತೇನೆ. ಪೇಚಿಗೆ ಸಿಕ್ಕಿಕೊಂಡವನು ಸುತ್ತಮುತ್ತ ಚೆನ್ನಾಗಿ ನೋಡಿರುತ್ತಾನೆ. ದಾರಿ ತಪ್ಪಿದವನಿಗೆ ಒಂದೊಂದು ತಿರುವೂ ನೆನಪಿರುತ್ತದೆ. ಅಂಥವನ ಪುಸ್ತಕದಲ್ಲಿ ಊರು ನಿಜವಾಗಿ ಕಾಣಿಸುತ್ತದೆ.

ನೀವು ಇಂಗ್ಲೆಂಡಿಗೇ ಹೋಗುತ್ತಿರುವುದರಿಂದ ಜೆರೋಮ್ ಕೆ. ಜೆರೋಮ್ ಬರೆದ 'ಥ್ರೀ ಮೆನ್ ಇನ್ ಎ ಬೋಟ್'ನಿಂದ ಶುರು ಮಾಡಿ. 1889ರ ಪುಸ್ತಕ. ಕಥೆ ಹೇಳುವವನು, ಹ್ಯಾರಿಸ್, ಜಾರ್ಜ್ ಅಂತ ಮೂವರು ಗೆಳೆಯರು, ಜೊತೆಗೆ ಮಾಂಟ್‌ಮೊರೆನ್ಸಿ ಅನ್ನೋ ನಾಯಿ. ಥೇಮ್ಸ್ ನದಿಯಲ್ಲಿ ಕಿಂಗ್‌ಸ್ಟನ್‌ನಿಂದ ಆಕ್ಸ್‌ಫರ್ಡ್‌ವರೆಗೆ ದೋಣಿಯಲ್ಲಿ ಹೋಗಿ ಬರೋಣ ಅಂತ ಹೊರಡುತ್ತಾರೆ. ಬರುವಾಗ ಮಳೆ ಹಿಡಿಯುತ್ತದೆ. ಪ್ಯಾಂಗ್‌ಬರ್ನ್ ಅನ್ನೋ ಊರಿನಲ್ಲಿ ದೋಣಿ ಬಿಟ್ಟು, ಸದ್ದಿಲ್ಲದೆ ಲಂಡನ್ ರೈಲು ಹತ್ತುತ್ತಾರೆ. ಕಥೆ ಅಂದರೆ ಇಷ್ಟೇ.

ಇದರ ಹಿಂದಿನ ವಿಷಯ ನನಗೆ ತುಂಬಾ ಇಷ್ಟ. ಜೆರೋಮ್‌ಗೆ ಮೊದಲು ತಮಾಷೆ ಪುಸ್ತಕ ಬರೆಯುವ ಯೋಚನೆಯೇ ಇರಲಿಲ್ಲ. ಥೇಮ್ಸ್ ನದಿ, ಅದರ ದಡದ ಊರುಗಳು, ಅವುಗಳ ಇತಿಹಾಸ, ಇದನ್ನೆಲ್ಲ ಬರೆಯಲು ಕೂತಿದ್ದರು. ನಡುವೆ ಸುಮ್ನೆ ಒಂದಿಷ್ಟು ನಗು ಇರಲಿ ಅಂದುಕೊಂಡರೆ ಅದೇ ಬೆಳೆಯಿತು. ಪತ್ರಿಕೆಯಲ್ಲಿ ಕಂತುಗಳಾಗಿ ಬರುವಾಗ ಸಂಪಾದಕರು ಇತಿಹಾಸದ ಭಾಗವನ್ನು ಬಹುಪಾಲು ಕಿತ್ತುಹಾಕಿದರು. ಆದರೂ ಅಲ್ಲಲ್ಲಿ ಉಳಿದುಕೊಂಡಿದೆ. 1215ರಲ್ಲಿ ದೊರೆ ಜಾನ್, ರಾಜನ ಅಧಿಕಾರಕ್ಕೆ ಮಿತಿ ಹಾಕುವ ಮ್ಯಾಗ್ನಾ ಕಾರ್ಟಾ ಅನ್ನೋ ಒಪ್ಪಂದಕ್ಕೆ ಒಪ್ಪಿಗೆಯ ಮುದ್ರೆ ಹಾಕಿದ ರನ್ನಿಮೀಡ್ ಬಂದಾಗ ಅವರ ದನಿಯೇ ಬದಲಾಗುತ್ತದೆ. ಕೆಲವರು ಈ ಭಾಗಗಳನ್ನು ಹಾರಿಸಿ ಓದುತ್ತಾರೆ. ನೀವು ಹಾಗೆ ಮಾಡಬೇಡಿ. ನದಿಯ ಮೇಲೆ ಅವರಿಗೆ ಎಷ್ಟು ಪ್ರೀತಿ ಇತ್ತು ಅಂತ ಗೊತ್ತಾಗುವುದು ಅಲ್ಲೇ.

ಇನ್ನು ನಗು ಎಂಥದ್ದು ಅಂತ ತೋರಿಸಲು ಒಂದು ಸನ್ನಿವೇಶ ಹೇಳುತ್ತೇನೆ. ಊಟಕ್ಕೆ ಕೂತಿದ್ದಾರೆ. ತಣ್ಣನೆಯ ಮಾಂಸಕ್ಕೆ ಸಾಸಿವೆ ಗೊಜ್ಜು ತರಲು ಮರೆತಿದ್ದಾರೆ, ಎಲ್ಲರ ಮುಖ ಸಪ್ಪೆ. ಅಷ್ಟರಲ್ಲಿ ಅನಾನಸ್ ಡಬ್ಬಿ ಸಿಗುತ್ತದೆ. ಮುಖ ಅರಳುತ್ತದೆ. ಡಬ್ಬಿ ತೆರೆಯುವ ಸಾಧನ ಹುಡುಕಿದರೆ ಅದೂ ಇಲ್ಲ. ಹ್ಯಾರಿಸ್ ಚಾಕುವಿನಲ್ಲಿ ತಿವಿದು ಕೈ ಕುಯ್ದುಕೊಳ್ಳುತ್ತಾನೆ. ಜಾರ್ಜ್ ಕತ್ತರಿ ಹಿಡಿದರೆ ಅದು ಸಿಡಿದು ಸ್ವಲ್ಪದರಲ್ಲಿ ಕಣ್ಣು ಉಳಿಯುತ್ತದೆ. ಕೊನೆಗೆ ದೋಣಿಯ ಹಾಯಿಕಂಬವನ್ನೇ ಎತ್ತಿ ಹೊಡೆಯುತ್ತಾರೆ. ಡಬ್ಬಿ ಚಪ್ಪಟೆಯಾಗುತ್ತದೆ, ಚೌಕವಾಗುತ್ತದೆ, ಏನೇನೋ ಆಕಾರ ತಾಳುತ್ತದೆ, ತೆರೆಯುವುದು ಮಾತ್ರ ಇಲ್ಲ. ಆಮೇಲೆ ಸಿಟ್ಟಿನಲ್ಲಿ ಅದನ್ನು ನದಿಗೆ ಎಸೆದು, ಶಾಪ ಹಾಕಿ, ದೋಣಿ ಹತ್ತಿ ಹುಟ್ಟು ಹಾಕುತ್ತಾರೆ. ಪಿಕ್ನಿಕ್‌ಗೆ ಹೋದವರಿಗೆಲ್ಲ ಇದು ಗೊತ್ತಿರುವ ಸಂಕಟ ಅಲ್ವಾ?

ಹ್ಯಾಂಪ್ಟನ್ ಕೋರ್ಟ್ ಅರಮನೆಯಲ್ಲಿ ಗಿಡದ ಬೇಲಿಗಳಿಂದ ಮಾಡಿದ, ದಾರಿ ತಪ್ಪಿಸುವ ಚಕ್ರವ್ಯೂಹದ ಕಥೆ ಇನ್ನೂ ಚೆನ್ನಾಗಿದೆ. ಹ್ಯಾರಿಸ್ ಕೈಯಲ್ಲಿ ನಕ್ಷೆ ಇದೆ. ಬಲಗಡೆ ತಿರುಗುತ್ತಾ ಹೋದರೆ ಆಯಿತು, ಹತ್ತು ನಿಮಿಷದ ಕೆಲಸ ಅನ್ನುತ್ತಾನೆ. ಒಳಗೆ ದಾರಿ ತಪ್ಪಿದವರೆಲ್ಲ ಇವನನ್ನು ನಂಬಿ ಹಿಂದೆ ಸೇರಿಕೊಳ್ಳುತ್ತಾರೆ. ನೆಲದ ಮೇಲೆ ಬಿದ್ದ ಒಂದು ಬನ್ನಿನ ಚೂರು ಕಾಣಿಸುತ್ತದೆ. ಏಳು ನಿಮಿಷದ ಹಿಂದೆ ಇದನ್ನೇ ನೋಡಿದ್ದೆ ಅಂತ ಹ್ಯಾರಿಸ್ ಜೊತೆಗಿದ್ದವನು ಆಣೆ ಮಾಡುತ್ತಾನೆ. ಆಮೇಲೆ ಎಲ್ಲಿಗೆ ಹೊರಟರೂ ಮಧ್ಯಕ್ಕೇ ಬಂದು ಸೇರುತ್ತಾರೆ. ಬಿಡಿಸಲು ಬಂದ ಹೊಸ ಕಾವಲುಗಾರ ಕೂಡ ಒಳಗೆ ಕಳೆದುಹೋಗುತ್ತಾನೆ. ಹಳಬ ಊಟ ಮುಗಿಸಿ ಬರುವವರೆಗೂ ಎಲ್ಲರೂ ಕಾಯಬೇಕು. ಆ ಚಕ್ರವ್ಯೂಹ ಈಗಲೂ ಇದೆ, ಒಳಗೆ ಹೋಗಬಹುದು. ಅದರ ವಿಸ್ತೀರ್ಣ ಬರೀ ಮೂರನೇ ಒಂದು ಎಕರೆ. ಇದನ್ನು ಓದಿಕೊಂಡು ಹೋದವರಿಗೆ ಆ ಬೇಲಿಯ ನಡುವೆ ನಡೆಯುವಾಗ ಸಿಗುವ ಖುಷಿ, ಬರೀ ಫೋಟೋ ತೆಗೆಯಲು ಹೋದವರಿಗೆ ಸಿಗಲಾರದು.

ಓದಬೇಕಾದ ಎರಡನೆಯ ಪುಸ್ತಕ ಬಿಲ್ ಬ್ರೈಸನ್ ಬರೆದ 'ನೋಟ್ಸ್ ಫ್ರಮ್ ಎ ಸ್ಮಾಲ್ ಐಲ್ಯಾಂಡ್', 1995. ಅಮೆರಿಕದವರು, ಇಂಗ್ಲೆಂಡಿನಲ್ಲೇ ವರ್ಷಗಟ್ಟಲೆ ಇದ್ದವರು. ವಾಪಸ್ ಹೋಗುವ ಮುಂಚೆ ದೇಶವನ್ನು ಇನ್ನೊಮ್ಮೆ ಸುತ್ತಿ ಬರುತ್ತಾರೆ, ಜಾಸ್ತಿ ಬಸ್ಸು, ರೈಲು, ನಡಿಗೆ. 1973ರಲ್ಲಿ ಮೊದಲ ಸಲ ಡೋವರ್‌ಗೆ ಬಂದಿಳಿದ ರಾತ್ರಿ ರೂಮು ಸಿಗದೆ, ಚಳಿಗೆ ತಲೆಗೆ ಚಡ್ಡಿ ಸುತ್ತಿಕೊಂಡು ಸಮುದ್ರದ ಬದಿಯ ಬೆಂಚಿನ ಮೇಲೆ ಮಲಗಿದ್ದನ್ನು ಬರೆದಿದ್ದಾರೆ. ಇಂಗ್ಲಿಷರ ಹವಾಮಾನದ ಮಾತು, ಲಾಡ್ಜಿನ ಯಜಮಾನಿಯ ಕಟ್ಟುಪಾಡು, ಎಲ್ಲವನ್ನೂ ಗೇಲಿ ಮಾಡುತ್ತಾರೆ. ಆದರೂ 2003ರಲ್ಲಿ ಬಿಬಿಸಿ ರೇಡಿಯೋ ಕೇಳುಗರು, ಇಂಗ್ಲೆಂಡನ್ನು ಸರಿಯಾಗಿ ತೋರಿಸುವ ಪುಸ್ತಕ ಅಂತ ಇದಕ್ಕೇ ಓಟು ಹಾಕಿದರು. ಗೇಲಿಗೆ ಒಳಗಾದವರೇ ಮೆಚ್ಚಿದರು ಅಂದಮೇಲೆ ಇನ್ನೇನು ಬೇಕು.

ಮಾರ್ಕ್ ಟ್ವೇನ್ ವಿಷಯದಲ್ಲಿ ನನಗೆ ಎರಡು ಮನಸ್ಸು. 1896ರಲ್ಲಿ ಭಾರತಕ್ಕೆ ಬಂದು, ಮರುವರ್ಷ 'ಫಾಲೋಯಿಂಗ್ ದಿ ಈಕ್ವೇಟರ್'ನಲ್ಲಿ ಬರೆದರು. ಬೊಂಬಾಯಿಯ ಕಾಗೆಗಳ ಪುಟಗಳು ಅದ್ಭುತ. ಹೋಟೆಲಿನ ಬಾಲ್ಕನಿಯ ಕಂಬಿ ಮೇಲೆ ಕಾಗೆಗಳು ಕೂತು, ಒಂದೊಂದೇ ಹೆಜ್ಜೆ ಹತ್ತಿರ ಸರಿದು, ಇವರ ಬಟ್ಟೆ, ಕೂದಲು, ಬಣ್ಣ, ಇವರು ಇಂಡಿಯಾಗೆ ಯಾಕೆ ಬಂದರು ಅಂತ ಚರ್ಚೆ ಮಾಡುತ್ತವೆ. ನಮ್ಮ ಕಾಗೆಯನ್ನು ಇಷ್ಟು ಚೆನ್ನಾಗಿ ಕಂಡವರು ಕಡಿಮೆ. ಅದೇ ಪುಸ್ತಕದಲ್ಲಿ ಕೆಲಸಕ್ಕೆ ಬಂದ ಆಳಿನ ಹೆಸರು ಬದಲಿಸಿ ಸೈತಾನ ಅಂತ ಕರೆಯುತ್ತಾರೆ. ಅಲ್ಲಿ ನನಗೆ ನಗು ಬರುವುದಿಲ್ಲ. ಆ ಮನುಷ್ಯನ ಕಡೆಯಿಂದ ಯಾರೂ ನೋಡಿಲ್ಲ ಅನ್ನಿಸುತ್ತದೆ.

ಹಾಗಾಗಿ ಅಂಗಡಿಯಲ್ಲಿ ಕೊಳ್ಳುವ ಮುಂಚೆ ಹೀಗೆ ಮಾಡಿ. ಆ ಊರಿನವರೊಬ್ಬರು ಮಾತಾಡುವ ಪುಟ ಹುಡುಕಿ. ಅವರಿಗೆ ಹೇಳಲು ಸ್ವಂತ ಮಾತು ಇದೆಯಾ, ಇಲ್ಲ ತಪ್ಪು ಇಂಗ್ಲಿಷಿಗೆ ನಗಲಿ ಅಂತ ತಂದು ನಿಲ್ಲಿಸಿದ್ದಾರಾ ನೋಡಿ. ಎರಡನೆಯದಾದರೆ ವಾಪಸ್ ಇಡಿ. 'ಮೊಲ್ವೇನಿಯಾ' ಅಂತ 2003ರಲ್ಲಿ ಆಸ್ಟ್ರೇಲಿಯಾದವರು ಬರೆದ ಒಂದು ಪುಸ್ತಕ ಇದೆ, ಇಲ್ಲದ ದೇಶಕ್ಕೆ ಗೈಡ್. ಗೈಡ್ ಪುಸ್ತಕಗಳ ಭಾಷೆಯನ್ನು ಅಣಕಿಸುವ ಜಾಗಗಳು ಚೆನ್ನಾಗಿವೆ. ಪೂರ್ವ ಯುರೋಪಿನವರನ್ನು ಕೊಳಕರು, ದಡ್ಡರು ಅಂತ ತೋರಿಸುವ ಜಾಗಗಳು ಬೇಗ ಹಳಸುತ್ತವೆ.

ಕನ್ನಡದಲ್ಲೇ ಬೇಕು ಅಂದರೆ ಬಿ.ಜಿ.ಎಲ್. ಸ್ವಾಮಿ ಅವರ 'ಹಸುರು ಹೊನ್ನು' ಬಿಡಲೇಬೇಡಿ. ಸಸ್ಯಶಾಸ್ತ್ರದ ಮೇಷ್ಟ್ರು, ಹುಡುಗ ಹುಡುಗಿಯರನ್ನು ಕಟ್ಟಿಕೊಂಡು ಗಿಡ ಹುಡುಕುತ್ತಾ ಕಾಡು ಸುತ್ತಿದ ಕಥೆ. ಚಿತ್ರಗಳನ್ನೂ ಅವರೇ ಬರೆದರು. ಗಿಡದ ವಿವರದಲ್ಲಿ ಎಲ್ಲೂ ರಾಜಿ ಇಲ್ಲ, ನಗುವಿನಲ್ಲೂ ಇಲ್ಲ. 1978ರ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಅದಕ್ಕೆ ಬಂತು. ಎರಡು ವರ್ಷದ ನಂತರ ಅದೇ ಪ್ರಶಸ್ತಿ 'ಅಮೆರಿಕದಲ್ಲಿ ಗೊರೂರು' ಪುಸ್ತಕಕ್ಕೆ. ತೇಜಸ್ವಿಯವರ 'ಅಲೆಮಾರಿಯ ಅಂಡಮಾನ್' ಕೂಡ ಇದೇ ಸಾಲಿಗೆ ಸೇರುತ್ತದೆ.

ರೈಲಿನ ಸಮಯ, ಟಿಕೆಟ್ ದರಕ್ಕೆ ಮಾಮೂಲಿ ಗೈಡನ್ನೇ ನೋಡಿ. ಬ್ರೈಸನ್ ಹೇಳುವ ದರಗಳು ಮೂವತ್ತು ವರ್ಷ ಹಳೆಯವು. ಜೆರೋಮ್ ಪುಸ್ತಕಕ್ಕೆ ಕಾಪಿರೈಟ್ ಮುಗಿದಿದೆ, ಪ್ರಾಜೆಕ್ಟ್ ಗುಟೆನ್‌ಬರ್ಗ್ ಅನ್ನೋ ವೆಬ್‌ಸೈಟಿನಲ್ಲಿ ಪುಕ್ಕಟೆ ಸಿಗುತ್ತದೆ. ಅವರ ಗುಂಪಿಗೆ ಲಂಡನ್ನಿನ ವಾಟರ್ಲೂ ಸ್ಟೇಷನ್ನಿನಲ್ಲಿ ಕಿಂಗ್‌ಸ್ಟನ್ ರೈಲು ಯಾವ ಪ್ಲಾಟ್‌ಫಾರ್ಮಿಗೆ ಬರುತ್ತದೆ ಅಂತ ಹೇಳುವವರೇ ಸಿಗಲಿಲ್ಲ. ಕೊನೆಗೆ ಒಬ್ಬ ಡ್ರೈವರ್‌ಗೆ ಎರಡೂವರೆ ಶಿಲ್ಲಿಂಗ್ ಕೊಟ್ಟು, ನಿನ್ನ ರೈಲನ್ನೇ ಕಿಂಗ್‌ಸ್ಟನ್‌ಗೆ ಬಿಡಪ್ಪಾ ಅಂತ ಗೋಗರೆದರು. ಈಗ ಆ ತೊಂದರೆ ಇಲ್ಲ. ಅದೇ ವಾಟರ್ಲೂನಿಂದ ಹ್ಯಾಂಪ್ಟನ್ ಕೋರ್ಟ್‌ಗೆ ನೇರ ರೈಲಿದೆ, ಅರ್ಧ ಗಂಟೆಯ ಮೇಲೆ ಸ್ವಲ್ಪ ಹೊತ್ತು. ಚಕ್ರವ್ಯೂಹದ ಕಥೆ ಆರನೇ ಅಧ್ಯಾಯದಲ್ಲಿದೆ, ಆ ರೈಲಿನಲ್ಲೇ ಓದಿ ಮುಗಿಸಬಹುದು.