ಪ್ರತಿ: ಮೇಲಿನ ಸ್ವರಗಳಿಗೆ ಹೋದಂತೆ ಹರ್ಟ್ಜ್ ಯಾಕೆ ಜಾಸ್ತಿ ಜಿಗಿಯುತ್ತದೆ?

ಕೀಬೋರ್ಡಿನ ಕೀಗಳೆಲ್ಲ ಒಂದೇ ಅಂತರದಲ್ಲಿವೆ, ಆದರೆ ಟ್ಯೂನರ್‌ನಲ್ಲಿ ಹರ್ಟ್ಜ್ ಸಂಖ್ಯೆ (ಸೆಕೆಂಡಿಗೆ ಎಷ್ಟು ಕಂಪನ ಅನ್ನುವುದು) ಹಾಗೆ ಸಮವಾಗಿ ಏರುವುದಿಲ್ಲ, ಟ್ಯೂನರ್ ಕೆಟ್ಟಿದೆಯಾ ಅಂತ ಕೇಳಿದ್ದೀರಿ. ಕೆಟ್ಟಿಲ್ಲ, ಸರಿಯಾಗೇ ಇದೆ.

ಅಡಿಪಟ್ಟಿಯಲ್ಲಿ ಪ್ರತಿ ಗೆರೆಗೂ ಅಷ್ಟೇ ಉದ್ದ ಕೂಡುತ್ತಾ ಹೋಗುತ್ತೇವೆ. ಸ್ವರಗಳಲ್ಲಿ ಕೂಡುವುದಿಲ್ಲ, ಗುಣಿಸುತ್ತೇವೆ. ಪ್ರತಿ ಕೀಗೂ (ಕಪ್ಪು ಕೀಗಳೂ ಸೇರಿ) ಸುಮಾರು 1.0595 ಪಟ್ಟು. 440 ಹರ್ಟ್ಜ್‌ನ ಮುಂದಿನ ಕೀ ಸುಮಾರು 466, ಅಂದರೆ 26 ಹರ್ಟ್ಜ್ ಹೆಚ್ಚು. ಒಂದು ಸಪ್ತಕ ಮೇಲೆ, ಅಂದರೆ 12 ಕೀ ದಾಟಿ, 880ರ ಮುಂದಿನದು 932. ಅಲ್ಲಿ ಜಿಗಿತ 52. ಆದರೂ ಕಿವಿಗೆ ಎರಡೂ ಒಂದೇ ಹೆಜ್ಜೆ. ಕಿವಿ ನೋಡುವುದು ಎಷ್ಟು ಪಟ್ಟು ಅಂತ, ಎಷ್ಟು ಹೆಚ್ಚು ಅಂತ ಅಲ್ಲ.

ಗಿಟಾರ್ ಸಿಕ್ಕರೆ ಇದನ್ನು ಕಣ್ಣಲ್ಲೇ ನೋಡಬಹುದು. 65 ಸೆಂ.ಮೀ. ತಂತಿಯಲ್ಲಿ ಮೊದಲ ಫ್ರೆಟ್ (ತಂತಿಯ ಕೆಳಗಿನ ಅಡ್ಡ ಪಟ್ಟಿ) ತಂತಿಯ ಮೇಲ್ತುದಿಯಿಂದ ಸುಮಾರು 3.6 ಸೆಂ.ಮೀ. ದೂರ. 11ರಿಂದ 12ನೇ ಫ್ರೆಟ್‌ಗೆ ಬರೀ 1.9. 12ನೆಯದು ತಂತಿಯ ಸರಿಯಾಗಿ ಅರ್ಧಕ್ಕೆ ಬರುತ್ತದೆ, ಅಲ್ಲಿ ಸ್ವರದ ಹರ್ಟ್ಜ್ ದುಪ್ಪಟ್ಟು.

ಶಬ್ದ ಎಷ್ಟು ಜೋರು ಅಂತ ಅಳೆಯುವ ಡೆಸಿಬೆಲ್ ಕೂಡ ಇದೇ ಜಾತಿ: 10 ಏರಿದರೆ ಶಬ್ದದ ಶಕ್ತಿ 10 ಪಟ್ಟು, 20 ಏರಿದರೆ 100 ಪಟ್ಟು. ಭೂಕಂಪದ ಸ್ಕೇಲ್ ಇನ್ನೂ ಜೋರು. 5ಕ್ಕೂ 6ಕ್ಕೂ ಶಕ್ತಿಯಲ್ಲಿ ಸುಮಾರು 32 ಪಟ್ಟು ವ್ಯತ್ಯಾಸ! ಸುದ್ದಿಯಲ್ಲಿ ಮಾತ್ರ ಒಂದಂಕಿ ಹೆಚ್ಚು ಅಂತ ಸುಮ್ನೆ ಓದಿಬಿಡುತ್ತಾರೆ.

ಸಮ ಅಂತರವೇ ಬೇಕು ಅಂದ್ರೆ ಟ್ಯೂನರ್‌ನಲ್ಲಿ ಹರ್ಟ್ಜ್ ಬಿಟ್ಟು ಸೆಂಟ್ಸ್ ನೋಡಿ, ಅದು ಎಷ್ಟು ಪಟ್ಟು ಅನ್ನುವುದನ್ನೇ ಸಮ ಹೆಜ್ಜೆಗಳಲ್ಲಿ ಎಣಿಸುವ ಅಳತೆ. ಪ್ರತಿ ಕೀಗೆ 100, ಸಪ್ತಕಕ್ಕೆ 1200.